ಧಾತು ವರ್ಷದ ಬರಕ್ಕೆ 150 ವರ್ಷ

ಕೆಲವು ವಾರಗಳ ಹಿಂದೆ ಕನ್ನಡ ಮಾಧ್ಯಮದ ಶಾಲೆಯೊಂದರ ರಸಪ್ರಶ್ನೆ ಸ್ಪರ್ಧೆಗೆ ತೀರ್ಪುಗಾರನಾಗಿ ಹೋಗುವ ಅವಕಾಶ ನನಗೆ ಒದಗಿತು. ನ್ಯಾಯಾಲಯದಲ್ಲಿ ಸದಾ ಕೆಳಗೆ ನಿಂತು ವಾದಿಸುವವನಿಗೆ ತೀರ್ಪು ನೀಡುವ ಕುರ್ಚಿ ಸಿಕ್ಕಿದಾಗ ಆಗುವ ಸಂತೋಷವನ್ನು ಬಿಡಿಸಿ ಹೇಳಬೇಕಾಗಿಲ್ಲ. ಅಲ್ಲಿ ಕೇಳಿದ ಒಂದು ಪ್ರಶ್ನೆ, ‘ಈ ಸುಮಾರಿನಲ್ಲಿ 150 ವರ್ಷ ತುಂಬುವ ಮೂರು ಸಂಗತಿಗಳನ್ನು ಹೇಳಿ’ ಎಂಬುದಾಗಿತ್ತು. ಮಕ್ಕಳು ತಡಮಾಡಲಿಲ್ಲ. ವಂದೇ ಮಾತರಂ ಗೀತೆ ರಚಿತವಾದದ್ದು 1875ರಲ್ಲಿ ಎಂದಳು ಒಬ್ಬಳು. ಗ್ರಹಾಂ ಬೆಲ್ ದೂರವಾಣಿಯಲ್ಲಿ ಮೊದಲ ಮಾತನ್ನಾಡಿದ್ದು 1876ರ ಮಾರ್ಚ್ 10ರಂದು ಎಂದು ತಿಥಿಸಹಿತ ಹೇಳಿದ ಇನ್ನೊಬ್ಬ. ಮೊದಲ ಟೆಸ್ಟ್ ಕ್ರಿಕೆಟ್ ಪಂದ್ಯ 1877ರ ಮಾರ್ಚ್‌ನಲ್ಲಿ ಮೆಲ್ಬರ್ನಿನಲ್ಲಿ ನಡೆಯಿತೆಂದು ಮೂರು ಬೆಂಚುಗಳಿಂದ ಒಂದೇ ಉಸಿರಿಗೆ ಉತ್ತರ ಬಂತು. ಎಲ್ಲರಿಗೂ ಪೂರ್ಣ ಅಂಕ ಕೊಟ್ಟೆ. ಉತ್ತರಗಳು ಸರಿಯಾಗಿಯೇ ಇದ್ದವು.

ಮನೆಗೆ ಮರಳುವಾಗ ಮಾತ್ರ ಒಂದು ವಿಷಯ ಮನಸ್ಸನ್ನು ಕೊರೆಯತೊಡಗಿತು. ಅದೇ 1876ರಿಂದ 1878ರ ಅವಧಿಯಲ್ಲಿ, ಆ ಮಕ್ಕಳು ಕುಳಿತಿದ್ದ ಇದೇ ನೆಲದಲ್ಲಿ, ಅವರ ಪೂರ್ವಿಕರ ಕಣ್ಣೆದುರಿನಲ್ಲಿಯೇ ನಡೆದ ಸಂಗತಿಯೊಂದನ್ನು ಯಾರೂ ಹೇಳಲಿಲ್ಲ. ಪ್ರಶ್ನೆ ಸಿದ್ಧಪಡಿಸಿದವರ ಉತ್ತರಪಟ್ಟಿಯಲ್ಲಿಯೂ ಅದು ಇರಲಿಲ್ಲ. ಅಜ್ಜಿಯ ಬೈಗುಳವಿಲ್ಲದಿದ್ದರೆ ನನಗೂ ಅದು ಹೊಳೆಯುತ್ತಿರಲಿಲ್ಲವೇನೋ. ನಾವು ಎಲೆಯಲ್ಲಿ ಅನ್ನ ಬಿಟ್ಟು ಏಳಹೊರಟರೆ ಆಕೆ, ‘ಧಾತು ವರ್ಷ ಕಂಡಿದ್ದರೆ ನಿಮಗೆ ತಿಳಿಯುತ್ತಿತ್ತು, ಕೂತು ಉಣ್ಣಿ’ ಎನ್ನುತ್ತಿದ್ದಳು. ಧಾತು ವರ್ಷವನ್ನು ಆಕೆಯೂ ಕಂಡಿರಲಿಲ್ಲ. ಆಕೆಯ ಅಜ್ಜಿ ಕಂಡಿದ್ದಳು. ಆ ಮಾತು ನಮ್ಮ ಮನೆಯಲ್ಲಿ ಕನ್ನಡದಲ್ಲಿಯೇ ಹರಿದುಬಂದಿತ್ತು. ನೆರೆಮನೆಯವರಲ್ಲಿ ಅದೇ ಮಾತು ತಮಿಳಿನಲ್ಲಿತ್ತು. ಅವರು ‘ತಾದು ವರುಷ ಪಂಜಂ’ ಎನ್ನುತ್ತಿದ್ದರು. ಬರಕ್ಕೆ ಭಾಷೆಯ ಭೇದವಿರಲಿಲ್ಲ.

ಅರುವತ್ತು ಸಂವತ್ಸರಗಳ ಚಕ್ರದಲ್ಲಿ ಧಾತು ಹತ್ತನೆಯದು. 1876ರ ಯುಗಾದಿಯಿಂದ 1877ರ ಯುಗಾದಿಯವರೆಗೆ ನಡೆದದ್ದು ಆ ಸಂವತ್ಸರ. ಅದರ ಮುಂದಿನದು ಈಶ್ವರ. ಆದುದರಿಂದಲೇ ಮೈಸೂರು ಸೀಮೆಯ ಹಿರಿಯರು ಅದನ್ನು ಧಾತು-ಈಶ್ವರದ ಬರ ಎಂದು ಎರಡೂ ವರ್ಷಗಳ ಹೆಸರಿನಿಂದ ಕರೆದರು. ಅದರ ನಂತರದ ಸಂವತ್ಸರದ ಹೆಸರು ಬಹುಧಾನ್ಯ! ಪಂಚಾಂಗಕ್ಕೆ ತನ್ನದೇ ಲೆಕ್ಕವಿದೆ; ಅದು ಮಳೆಯನ್ನು ಕೇಳಿ ಹೆಸರಿಡುವುದಿಲ್ಲ.

ನಮ್ಮ ಪೆರಿಯನಾಯಕನಪಾಳ್ಯಂ ಕುರುಡಿಮಲೆಯ ಬುಡದಲ್ಲಿದೆ. ಮಳೆಯನ್ನು ಹೊತ್ತ ಪಶ್ಚಿಮದ ಮೋಡಗಳು ಘಟ್ಟದ ಆಚೆಗೇ ಭಾರ ಇಳಿಸುತ್ತವೆ. ಪಾಲಕ್ಕಾಡಿನ ಕಣಿವೆಯ ಮೂಲಕ ನಮ್ಮೆಡೆಗೆ ಬರುವುದು ಹೆಚ್ಚಾಗಿ ಗಾಳಿ, ಸ್ವಲ್ಪ ತುಂತುರು. ಆಡಿ ತಿಂಗಳ ಗಾಳಿಗೆ ಅರೆಯುವ ಕಲ್ಲೂ ಹಾರೀತು ಎಂಬ ತಮಿಳು ಗಾದೆಯ ಅರ್ಥವನ್ನು ಕೊಯಮತ್ತೂರಿನವರಿಗೆ ಹೇಳಿಕೊಡಬೇಕಾಗಿಲ್ಲ. ವರ್ಷಕ್ಕೆ ಸುಮಾರು 600ರಿಂದ 700 ಮಿಲಿಮೀಟರ್ ಮಳೆ. ಅದರಲ್ಲಿಯೂ ದೊಡ್ಡ ಪಾಲು ಅಕ್ಟೋಬರಿನಿಂದ ಡಿಸೆಂಬರಿನವರೆಗಿನ ಹಿಂಗಾರಿನದು. ಕುರುಡಿಮಲೆಯಲ್ಲಿ ಹುಟ್ಟಿ ತಿರುಪ್ಪೂರಿನ ಕಡೆಗೆ ಸಾಗಿ ನೊಯ್ಯಲ್ ಸೇರುವ ಕೌಶಿಕಾ ನದಿ ಎಂಬುದೊಂದಿದೆ. ಅದನ್ನು ದಾಟುವ ಬಹುಮಂದಿಗೆ ತಾವು ದಾಟಿದ್ದು ನದಿಯೆಂದು ಗೊತ್ತೇ ಆಗುವುದಿಲ್ಲ. ಇಂಥ ನೆಲದಲ್ಲಿ ಒಂದು ಮಳೆ ತಪ್ಪಿದರೆ ಜನ ತಡೆದುಕೊಳ್ಳುತ್ತಾರೆ. ಮುಂಗಾರೂ ಹಿಂಗಾರೂ ಒಂದರ ಹಿಂದೊಂದು ತಪ್ಪಿದರೆ ತಡೆದುಕೊಳ್ಳಲಾರರು. 1876ರಲ್ಲಿ ನಡೆದದ್ದು ಅದೇ.

ಮೈಸೂರಿನಲ್ಲಿ ಅದರ ಹಿಂದಿನ ವರ್ಷವೂ ಮಳೆ ಕಡಮೆಯಾಗಿತ್ತು. ರಾಗಿ ಬೆಳೆಯುವ ಆ ನಾಡಿನ ರೈತ ಧಾನ್ಯವನ್ನು ಹಗೇವಿನಲ್ಲಿ, ಅಂದರೆ ನೆಲದಡಿಯ ಕಣಜದಲ್ಲಿ, ಹುದುಗಿಸಿಡುತ್ತಿದ್ದ. ರಾಗಿಗೆ ಹುಳು ಹಿಡಿಯುವುದಿಲ್ಲ. ವರ್ಷಗಟ್ಟಲೆ ಕೆಡದೆ ಉಳಿಯುತ್ತದೆ. ಅವನ ವಿಮೆ, ಅವನ ಬ್ಯಾಂಕು ಎಲ್ಲವೂ ಆ ಗುಂಡಿಯೇ. 1876ರ ಕೊನೆಯ ಹೊತ್ತಿಗೆ ಹಗೇವುಗಳು ಬರಿದಾದವು. ಧಾನ್ಯದ ಬೆಲೆ ಮೂರು ಪಟ್ಟಿಗೂ ಮೀರಿ ಏರಿತು. ಮೊದಲು ದನ ಮಾರಿದರು; ಆಮೇಲೆ ಒಡವೆ, ಪಾತ್ರೆ, ಮನೆಯ ಮಾಡಿನ ಮರ; ಕೊನೆಗೆ ಭೂಮಿ. ಹುಣಸೆಬೀಜ, ಕತ್ತಾಳೆಯ ಗಡ್ಡೆ, ಪಾಪಾಸುಕಳ್ಳಿ, ಕಾಡಿನ ಗೆಡ್ಡೆಗೆಣಸು ಊಟವಾದವು. 1877ರ ಮುಂಗಾರೂ ಕೈಕೊಟ್ಟಿತು. ಸೆಪ್ಟೆಂಬರ್-ಅಕ್ಟೋಬರಿನಲ್ಲಿ ಮಳೆ ಬಂದಾಗ ಅದು ಧಾರಾಕಾರವಾಗಿಯೇ ಬಂತು. ಅದರ ಬೆನ್ನಿಗೆ ಮಲೇರಿಯಾ ಬಂತು. ಹಸಿವಿನಿಂದ ಬದುಕುಳಿದಿದ್ದವರಲ್ಲಿ ಅನೇಕರನ್ನು ಜ್ವರ ಕೊಂಡೊಯ್ದಿತು. ಮಳೆ ಬಂದದ್ದರಿಂದಲೇ ಬರ ಮುಗಿಯಿತು ಎಂದುಕೊಳ್ಳುವವರು ಈ ಮಾತನ್ನು ನೆನಪಿಡಬೇಕು.

ಎಷ್ಟು ಮಂದಿ ಸತ್ತರು? 1871ರ ಜನಗಣತಿಯಲ್ಲಿ ಮೈಸೂರು ಸಂಸ್ಥಾನದ ಜನಸಂಖ್ಯೆ 50 ಲಕ್ಷ 55 ಸಾವಿರ. 1881ರಲ್ಲಿ ಅದು 41 ಲಕ್ಷ 86 ಸಾವಿರ. ಅಂದಿನ ಸೇಲಂ ಜಿಲ್ಲೆಯಲ್ಲಿ ಇಂದಿನ ಹೊಸೂರು, ಕೃಷ್ಣಗಿರಿ, ಧರ್ಮಪುರಿಗಳೂ ಸೇರಿದ್ದವು. ಅಲ್ಲಿ 19 ಲಕ್ಷ 67 ಸಾವಿರವಿದ್ದದ್ದು 16 ಲಕ್ಷಕ್ಕೆ ಇಳಿಯಿತು. ನಮ್ಮ ಕೊಯಮತ್ತೂರು ಜಿಲ್ಲೆಯಲ್ಲಿ ಸುಮಾರು 17 ಲಕ್ಷ 60 ಸಾವಿರದಿಂದ 16 ಲಕ್ಷ 60 ಸಾವಿರಕ್ಕೆ. ವಕೀಲನ ಬುದ್ಧಿ ಇಲ್ಲಿ ಒಂದೆರಡು ಎಚ್ಚರಿಕೆಗಳನ್ನು ಸೇರಿಸದೆ ಬಿಡದು. ಇಳಿಮುಖವಾದ ಸಂಖ್ಯೆಯೆಲ್ಲ ಸಾವಲ್ಲ. ಊರು ಬಿಟ್ಟವರೂ, ಸಿಂಹಳದ ಕಾಫಿ ತೋಟಗಳಿಗೆ ಕೂಲಿಗಳಾಗಿ ಹೋದವರೂ ಅದರಲ್ಲಿದ್ದಾರೆ. ಹಾಗೆಯೇ, ಇಳಿಮುಖವಾಗದ್ದೆಲ್ಲ ಬದುಕೂ ಅಲ್ಲ; 1871ರಿಂದ 1876ರವರೆಗೆ ಹುಟ್ಟಿ ಎರಡು ಗಣತಿಗಳ ನಡುವೆಯೇ ಕಣ್ಮರೆಯಾದ ಕೂಸುಗಳು ಯಾವ ಲೆಕ್ಕದಲ್ಲಿಯೂ ಇಲ್ಲ. ಗಡಿಯ ಮಾತೂ ಇದೆ. ಅಂದಿನ ಕೊಯಮತ್ತೂರು ಜಿಲ್ಲೆಯ ಅಂಕಿಯಲ್ಲಿ ಕೊಳ್ಳೇಗಾಲವೂ ಸೇರಿತ್ತು. ಆ ಕನ್ನಡ ತಾಲೂಕು 1956ರ ರಾಜ್ಯ ಪುನರ್ವಿಂಗಡಣೆಯವರೆಗೂ ನಮ್ಮ ಜಿಲ್ಲೆಯದೇ ಆಗಿತ್ತು. ಗಡಿಗೆರೆ ಬದಲಾದರೂ ಅಂದು ಸತ್ತವರು ಹಳೆಯ ಜಿಲ್ಲೆಯಲ್ಲಿಯೇ ಉಳಿದಿದ್ದಾರೆ. ಇಡೀ ಭಾರತದಲ್ಲಿ ಮಡಿದವರ ಅಂದಾಜು 55 ಲಕ್ಷದಿಂದ 80 ಲಕ್ಷಕ್ಕೂ ಮೇಲ್ಪಟ್ಟು.

ಇದು ನಮ್ಮೊಬ್ಬರ ದುರ್ದೈವವಾಗಿರಲಿಲ್ಲ. ಅದೇ ವರ್ಷಗಳಲ್ಲಿ ಉತ್ತರ ಚೀನಾದಲ್ಲಿ ಮಳೆ ನಿಂತು 90 ಲಕ್ಷದಿಂದ 1 ಕೋಟಿ 30 ಲಕ್ಷ ಮಂದಿ ಸತ್ತರೆಂದು ಅಂದಾಜಿದೆ. ಬ್ರೆಜಿಲ್ ದೇಶದ ಈಶಾನ್ಯದಲ್ಲಿ 1877ರಿಂದ 1879ರವರೆಗೆ ನಡೆದ ಬರವನ್ನು ಅಲ್ಲಿನವರು ಇಂದಿಗೂ ಮಹಾ ಬರವೆಂದೇ ಕರೆಯುತ್ತಾರೆ. ಒಬ್ಬರನ್ನೊಬ್ಬರು ಕಾಣದ, ಒಬ್ಬರ ಹೆಸರನ್ನೊಬ್ಬರು ಕೇಳದ ಮೂರು ದೇಶಗಳ ರೈತರು ಒಂದೇ ಕಾಲದಲ್ಲಿ ಆಕಾಶ ನೋಡುತ್ತಿದ್ದರು. ಅವರನ್ನು ಒಂದುಗೂಡಿಸಿದ್ದ ಸೂತ್ರವು ಪೆಸಿಫಿಕ್ ಸಾಗರದಲ್ಲಿತ್ತು.

ಸಾಮಾನ್ಯ ವರ್ಷಗಳಲ್ಲಿ ಪೆಸಿಫಿಕ್ಕಿನ ಮೇಲೆ ಪೂರ್ವದಿಂದ ಬೀಸುವ ಗಾಳಿಯು ಬೆಚ್ಚನೆಯ ನೀರನ್ನು ಇಂಡೊನೇಷ್ಯಾದ ಕಡೆಗೆ ತಳ್ಳಿಡುತ್ತದೆ. ಆ ಬಿಸಿ ನೀರಿನ ಮೇಲಿನ ಗಾಳಿ ಮೇಲೇರಿ ಮೋಡವಾಗುತ್ತದೆ. ಕೆಲವು ವರ್ಷ ಆ ಗಾಳಿ ಸೋಲುತ್ತದೆ; ಬಿಸಿ ನೀರು ಪೆರು ದೇಶದ ಕರಾವಳಿಯವರೆಗೂ ಹಿಂದಕ್ಕೆ ಹರಿಯುತ್ತದೆ; ಮೋಡಗಳೂ ಅದರ ಹಿಂದೆ ಹೋಗುತ್ತವೆ. ಆಗ ನಮ್ಮ ಕಡೆ ಗಾಳಿ ಮೇಲೇರುವ ಬದಲು ಕೆಳಗಿಳಿಯುತ್ತದೆ, ಮುಂಗಾರು ಕುಂದುತ್ತದೆ. ಇದನ್ನೇ ಎಲ್ ನಿನೋ ಎನ್ನುವುದು. 1877-78ರ ಎಲ್ ನಿನೋ ದಾಖಲೆಯಲ್ಲಿರುವ ಅತ್ಯಂತ ಪ್ರಬಲವಾದವುಗಳಲ್ಲಿ ಒಂದು. ಆದರೆ ಎಲ್ಲ ಪಾಪವನ್ನೂ ಅದರ ತಲೆಗೆ ಕಟ್ಟುವುದು ನ್ಯಾಯವಲ್ಲ. ಈ ಜಾಗತಿಕ ಬರವನ್ನು ಕುರಿತು 2018ರಲ್ಲಿ ವಿಜ್ಞಾನಿಗಳು ಪ್ರಕಟಿಸಿದ ಅಧ್ಯಯನವೊಂದು ತೋರಿಸಿರುವಂತೆ, ಅದಕ್ಕೆ ಹಿಂದಿನ ಹಲವು ವರ್ಷ ಪೆಸಿಫಿಕ್ ತಂಪಾಗಿಯೇ ಇತ್ತು. ತಂಪು ಮುಗಿದ ಕೂಡಲೆ ಅತಿ ಬಿಸಿ, ಜೊತೆಗೆ ಹಿಂದೂ ಮಹಾಸಾಗರದ ಪಶ್ಚಿಮ ಪೂರ್ವ ಭಾಗಗಳ ನಡುವಣ ಉಷ್ಣತೆಯ ವ್ಯತ್ಯಾಸ, ಅಟ್ಲಾಂಟಿಕ್ಕಿನ ಬಿಸಿ ಎಲ್ಲವೂ ಸೇರಿಕೊಂಡವು. ಒಬ್ಬನೇ ಆರೋಪಿಯ ಮೇಲೆ ಮುಗಿಯುವ ಮೊಕದ್ದಮೆ ಇದಲ್ಲ.

ಸ್ವಾರಸ್ಯವೆಂದರೆ, ಭಾರತದ ಹವಾಮಾನ ಇಲಾಖೆ ಹುಟ್ಟಿದ್ದು 1875ರಲ್ಲಿ, ಬರಕ್ಕೆ ಒಂದು ವರ್ಷ ಮೊದಲು. ಅದರ ಮೊದಲ ಮುಖ್ಯಸ್ಥ ಹೆನ್ರಿ ಬ್ಲಾನ್‌ಫರ್ಡ್ ಬರದ ಪೆಟ್ಟು ಕಂಡ ಮೇಲೆ ಮಳೆಯ ಮುನ್ಸೂಚನೆಯನ್ನು ಹುಡುಕಹೊರಟು ಹಿಮಾಲಯದ ಹಿಮಕ್ಕೂ ಮುಂಗಾರಿಗೂ ಸಂಬಂಧ ಕಂಡ. ಮುಂದೆ ಅದೇ ಇಲಾಖೆಯ ಗಿಲ್ಬರ್ಟ್ ವಾಕರ್ ಎಂಬ ಗಣಿತಜ್ಞ ಪ್ರಪಂಚದ ಹವಾಮಾನ ಕೇಂದ್ರಗಳ ಅಂಕಿಗಳನ್ನು ಜೋಡಿಸುತ್ತ ಪೆಸಿಫಿಕ್ಕಿನ ಎರಡು ತುದಿಗಳ ವಾಯುಭಾರ ತಕ್ಕಡಿಯಂತೆ ತೂಗುತ್ತದೆಂದು ತೋರಿಸಿದ. ಇಂದು ದೂರದರ್ಶನದಲ್ಲಿ ಹೇಳುವ ಎಲ್ ನಿನೋ ವಾರ್ತೆಯ ಬೇರು ನಮ್ಮ ಬರಗಾಲಗಳಲ್ಲಿದೆ.

ಆಕಾಶದ ತಪ್ಪಿನ ಮಾತು ಇಷ್ಟು ಸಾಕು. ನೆಲದ ಮೇಲಿನವರ ತಪ್ಪು ದೊಡ್ಡದು.

ನಮ್ಮೂರಿನ ಮೂಲಕ ಹಾದುಹೋಗುವ ರೈಲುಮಾರ್ಗವನ್ನು ನೋಡಿ. ಪೋದನೂರಿನಿಂದ ಮೇಟ್ಟುಪಾಳ್ಯಂವರೆಗಿನ ಈ ಹಳಿ ತೆರೆದದ್ದು 1873ರಲ್ಲಿ, ಬರಕ್ಕೆ ಮೂರು ವರ್ಷ ಮುಂಚೆ. ರೈಲು ಬಂದರೆ ಬರ ಇರದು, ಎಲ್ಲಿಂದಲಾದರೂ ಧಾನ್ಯ ತಂದು ಹಾಕಬಹುದು ಎಂಬುದು ಆಗಿನ ನಂಬಿಕೆ. ರೈಲು ಧಾನ್ಯ ತಂದದ್ದೂ ನಿಜ; ರೈಲಿಲ್ಲದ ಒಳನಾಡಿನ ಹಳ್ಳಿಗಳ ಪಾಡು ಇನ್ನೂ ಕಷ್ಟವಾಗಿತ್ತು. ಆದರೆ ಧಾನ್ಯವು ಹಸಿವಿದ್ದಲ್ಲಿಗೆ ತಾನಾಗಿ ಹೋಗುವುದಿಲ್ಲ, ಬೆಲೆಯಿದ್ದಲ್ಲಿಗೆ ಹೋಗುತ್ತದೆ. 1870ರಲ್ಲಿಯೇ ಲಂಡನ್ನಿಗೂ ಭಾರತಕ್ಕೂ ಸಮುದ್ರದಡಿಯ ತಂತಿ ಕೂಡಿತ್ತು. ಒಂದು ಊರಿನ ಬೆಲೆ ಇನ್ನೊಂದು ಊರಿಗೆ ಗಂಟೆಗಳಲ್ಲಿ ತಿಳಿಯುತ್ತಿತ್ತು. ಮಳೆ ತಪ್ಪದ ಕಡೆಯಲ್ಲಿಯೂ ಬೆಲೆ ಏರಿತು. ದೇಶದಿಂದ ಹೊರಗೆ ಗೋಧಿಯ ರಫ್ತು ಆ ವರ್ಷಗಳಲ್ಲಿ ನಿಲ್ಲಲಿಲ್ಲ. ವ್ಯಾಪಾರದಲ್ಲಿ ಸರ್ಕಾರ ಕೈ ಹಾಕಬಾರದು ಎಂಬುದು ವೈಸರಾಯ್ ಲಾರ್ಡ್ ಲಿಟ್ಟನ್‌ನ ಸಿದ್ಧಾಂತ. 1877ರ ಜನವರಿ 1ರಂದು ದೆಹಲಿಯಲ್ಲಿ ಮಹಾ ದರ್ಬಾರು ನಡೆಸಿ ವಿಕ್ಟೋರಿಯಾ ರಾಣಿಯನ್ನು ಭಾರತದ ಚಕ್ರವರ್ತಿನಿ ಎಂದು ಸಾರಲಾಯಿತು. ಆ ದಿನ ಮದರಾಸು ಪ್ರಾಂತದಲ್ಲಿ ಜನ ರಸ್ತೆಬದಿಯಲ್ಲಿ ಬೀಳುತ್ತಿದ್ದರು.

ಆ ತಿಂಗಳಲ್ಲಿಯೇ ಲಿಟ್ಟನ್ ಕ್ಷಾಮದ ವೆಚ್ಚ ಹತೋಟಿಯಲ್ಲಿಡಲು ರಿಚರ್ಡ್ ಟೆಂಪಲ್ ಎಂಬ ಅಧಿಕಾರಿಯನ್ನು ದಕ್ಷಿಣಕ್ಕೆ ಕಳುಹಿಸಿದ. ಈತನ ಕಥೆ ವಿಚಿತ್ರ. 1874ರಲ್ಲಿ ಬಿಹಾರದಲ್ಲಿ ಬರ ಬಿದ್ದಾಗ ಇವನೇ ಬರ್ಮಾದಿಂದ ಅಕ್ಕಿ ತರಿಸಿ ಕೈಬಿಚ್ಚಿ ಹಂಚಿ ಬಹುಪಾಲು ಜನರನ್ನು ಉಳಿಸಿದ್ದ. ಅದಕ್ಕೆ ಸಿಕ್ಕ ಬಹುಮಾನ ಅತಿ ಖರ್ಚಿನವನೆಂಬ ಟೀಕೆ. ಆ ಪಾಠವನ್ನು ಅವನು ಚೆನ್ನಾಗಿಯೇ ಕಲಿತ. ಕ್ಷಾಮ ಕಾಮಗಾರಿಯಲ್ಲಿ ದಿನವಿಡೀ ಕಲ್ಲು ಒಡೆದು ಮಣ್ಣು ಹೊರುವ ಗಂಡಾಳಿಗೆ ದಿನಕ್ಕೆ ಒಂದು ಪೌಂಡು, ಅಂದರೆ ಸುಮಾರು 450 ಗ್ರಾಂ ಧಾನ್ಯ ಮತ್ತು ಒಂದಾಣೆ ಸಾಕೆಂದು ನಿಗದಿಪಡಿಸಿದ; ಹೆಂಗಸರಿಗೂ ಮಕ್ಕಳಿಗೂ ಇನ್ನೂ ಕಡಮೆ. ಇದಕ್ಕೆ ‘ಟೆಂಪಲ್ ಕೂಲಿ’ ಎಂದೇ ಹೆಸರಾಯಿತು. ಮದರಾಸಿನ ಆರೋಗ್ಯ ಕಮಿಷನರ್ ಆಗಿದ್ದ ವೈದ್ಯ ಕಾರ್ನಿಷ್ ಇದನ್ನು ಬಹಿರಂಗವಾಗಿ ವಿರೋಧಿಸಿದ. ದುಡಿಯುವವನಿಗೆ ಕನಿಷ್ಠ 680 ಗ್ರಾಂ ಧಾನ್ಯ ಬೇಕು, ಜೊತೆಗೆ ಬೇಳೆ ತರಕಾರಿ ಬೇಕು ಎಂದು ವಾದಿಸಿದ. 1877ರ ಮಾರ್ಚ್‌ನಲ್ಲಿ ಮದರಾಸು ಸರ್ಕಾರ ಅರ್ಧದಾರಿಗೆ ಒಪ್ಪಿತು: 570 ಗ್ರಾಂ ಧಾನ್ಯ, 43 ಗ್ರಾಂ ಬೇಳೆ. ಈ ನೂರು ಗ್ರಾಮುಗಳ ಜಗಳವನ್ನು ಓದುವಾಗ ನನಗೆ ಆ ಕಾಲದ ತಕ್ಕಡಿ ಕಣ್ಣಿಗೆ ಕಟ್ಟುತ್ತದೆ. ತಕ್ಕಡಿಯ ಒಂದು ತಟ್ಟೆಯಲ್ಲಿ ಧಾನ್ಯ. ಇನ್ನೊಂದರಲ್ಲಿ ಕಲ್ಲು ಒಡೆಯುವವನ ಮಗು.

ನಮ್ಮ ಕನ್ನಡ ಮನೆತನಗಳಿಗೆ ಇನ್ನೂ ಒಂದು ಸಂಗತಿ ಹತ್ತಿರದ್ದು. ಬರದಲ್ಲಿ ರೈತನಿಗಿಂತ ಮೊದಲು ಕೆಡುವವನು ನೇಕಾರ. ಉಣ್ಣಲು ಇಲ್ಲದ ಜನ ಮೊದಲು ನಿಲ್ಲಿಸುವ ಖರ್ಚು ಬಟ್ಟೆಯದು. ಮಗ್ಗದ ಮುಂದೆ ಕುಳಿತೇ ಬೆಳೆದ ಕೈಗಳಿಗೆ ಕಲ್ಲು ಒಡೆಯುವ ಶಕ್ತಿಯಿಲ್ಲ. ಕೊಯಮತ್ತೂರು, ಸೇಲಂ ಸೀಮೆಗಳಲ್ಲಿ ಕನ್ನಡ ಮಾತನಾಡುವ ದೇವಾಂಗ ಕುಟುಂಬಗಳು ಎಷ್ಟಿದ್ದವು, ಇಂದಿಗೂ ಎಷ್ಟಿವೆ ಎಂದು ಈ ಪತ್ರಿಕೆಯ ವಾಚಕರಿಗೆ ಹೇಳಬೇಕಾಗಿಲ್ಲ. ತಡವಾಗಿಯಾದರೂ ಮದರಾಸು ಸರ್ಕಾರಕ್ಕೆ ಈ ತೊಂದರೆ ಅರ್ಥವಾಯಿತು. ನೇಕಾರರಿಗೆ ನೂಲು ಮುಂಗಡ ಕೊಟ್ಟು, ನೇಯ್ದ ಬಟ್ಟೆಯನ್ನು ತಾನೇ ಕೊಳ್ಳುವ ವ್ಯವಸ್ಥೆಯನ್ನು ಹಲವೆಡೆ ಮಾಡಿತು. ಪರಿಹಾರವೆಂಬುದು ಎಲ್ಲರಿಗೂ ಒಂದೇ ಗುದ್ದಲಿ ಕೊಡುವುದಲ್ಲ ಎಂಬ ತಿಳಿವಳಿಕೆ ಅದರಲ್ಲಿತ್ತು.

ಪರಿಹಾರ ಎಂಬ ಮಾತು ಬಂದುದರಿಂದ ನನ್ನ ವೃತ್ತಿಯ ಒಂದು ಕಹಿ ವಿನೋದವನ್ನು ಹೇಳಿಬಿಡುತ್ತೇನೆ. ಎಲ್‌ಎಲ್‌ಬಿ ಓದುವಾಗ ನಾವು ನಿರ್ದಿಷ್ಟ ಪರಿಹಾರ ಕಾಯ್ದೆಯನ್ನು ಓದಿದೆವು. ಕ್ರಯದ ಕರಾರು ಮಾಡಿಕೊಂಡು ಕ್ರಯಪತ್ರ ಬರೆದುಕೊಡದವನನ್ನು ಬರೆದುಕೊಡುವಂತೆ ಮಾಡುವ ಕಾನೂನು ಅದು, ಈಗಿರುವುದು 1963ರದು. ಅದರ ಹಿಂದಿನದು 1877ನೆಯ ಇಸವಿಯ 1ನೆಯ ಕಾಯ್ದೆ. ಆ ವರ್ಷದ ಶಾಸನಗಳಲ್ಲಿ ಮೊದಲನೆಯದು! ಅದೇ ವರ್ಷ ನೋಂದಣಿ ಕಾಯ್ದೆ ಬಂತು, ಕಾಲಮಿತಿ ಕಾಯ್ದೆ ಬಂತು. ಭೂಮಿ ಕೊಂಡವನಿಗೆ ಸಿಗಬೇಕಾದ ಪರಿಹಾರವನ್ನು ಅಷ್ಟು ಅಚ್ಚುಕಟ್ಟಾಗಿ ಬರೆದವರಿಗೆ, ಆ ಭೂಮಿಯನ್ನು ಹಸಿವಿಗಾಗಿ ಮಾರಿದವನಿಗೆ ಯಾವ ಪರಿಹಾರವುಂಟು ಎಂದು ಬರೆಯಲು ತೋಚಲಿಲ್ಲ. ಹಳೆಯ ಕ್ರಯಪತ್ರಗಳನ್ನು, ಅಡಮಾನ ಪತ್ರಗಳನ್ನು ನೋಡುವ ಕೆಲಸ ನನಗೆ ಆಗಾಗ ಬರುತ್ತದೆ. ಅವುಗಳಲ್ಲಿ ಇಸವಿಯ ಜೊತೆಗೆ ಸಂವತ್ಸರದ ಹೆಸರೂ ಇರುತ್ತದೆ. ಒಮ್ಮೆ ಹಿರಿಯ ಕಕ್ಷಿದಾರರೊಬ್ಬರು ಹೊಲದ ಅಂಚಿನಲ್ಲಿ ನಿಂತು, ತಮ್ಮದಲ್ಲದ ಪಕ್ಕದ ಹೊಲವನ್ನು ತೋರಿಸಿ, ‘ಅದು ಧಾತು ವರ್ಷದಲ್ಲಿ ಹೋದದ್ದು ಸ್ವಾಮಿ’ ಎಂದರು. ನೂರಾ ನಲವತ್ತು ವರ್ಷಗಳ ಹಿಂದೆ ಕೈಬಿಟ್ಟ ಎರಡೆಕರೆಯನ್ನು ನೆನ್ನೆ ಕಳೆದುಕೊಂಡ ಎತ್ತಿನಂತೆ ತೋರಿಸಿದರು. ಅವರ ದಾವೆಗೂ ಆ ಹೊಲಕ್ಕೂ ಸಂಬಂಧವಿರಲಿಲ್ಲ. ನಾನು ಟಿಪ್ಪಣಿ ಮಾಡಿಕೊಳ್ಳಲಿಲ್ಲ, ಮಾಡಿಕೊಳ್ಳಬೇಕಾಗಿತ್ತು.

ಬರದ ಸುದ್ದಿ ಹೊರಜಗತ್ತಿಗೆ ಮುಟ್ಟಿದ ಬಗೆಯನ್ನೂ ಸ್ವಲ್ಪ ಹೇಳಬೇಕು. 1877ರ ಏಪ್ರಿಲಿನಲ್ಲಿ ರಷ್ಯಾ ತುರ್ಕಿಗಳ ಯುದ್ಧ ಆರಂಭವಾಗಿ ಯೂರೋಪಿನ ಪತ್ರಿಕೆಗಳ ಪುಟಗಳನ್ನು ತುಂಬಿತ್ತು. ಆಗಸ್ಟಿನಲ್ಲಿ ಮದರಾಸಿನ ಗವರ್ನರ್ ಡ್ಯೂಕ್ ಆಫ್ ಬಕಿಂಗ್‌ಹ್ಯಾಂ ನೆರವಿಗಾಗಿ ಮೊರೆಯಿಟ್ಟ ನಂತರವೇ ಲಂಡನ್ನಿನಲ್ಲಿ ದೊಡ್ಡ ನಿಧಿ ಕೂಡಿತು. ಮದರಾಸ್ ಟೈಮ್ಸ್ ಪತ್ರಿಕೆಯ ಸಂಪಾದಕ ವಿಲಿಯಂ ಡಿಗ್ಬಿ ಎಲ್ಲವನ್ನೂ ಬರೆದಿಟ್ಟು 1878ರಲ್ಲಿ ಎರಡು ಸಂಪುಟಗಳಾಗಿ ಪ್ರಕಟಿಸಿದ. ಹೂಪರ್ ಎಂಬ ಸೇನಾಧಿಕಾರಿ ಎಲುಬುಗೂಡುಗಳಂತಾದ ಸಂಸಾರಗಳನ್ನು ಸಾಲಾಗಿ ಕೂರಿಸಿ ಛಾಯಾಚಿತ್ರ ತೆಗೆದ. ಆ ಚಿತ್ರಗಳು ಇಂದಿಗೂ ಪುಸ್ತಕಗಳಲ್ಲಿ ಅಚ್ಚಾಗುತ್ತವೆ. ಚಿತ್ರದಲ್ಲಿರುವ ಒಬ್ಬರ ಹೆಸರೂ ಅಲ್ಲಿಲ್ಲ. ಮದರಾಸಿನಲ್ಲಿ ಬರದ ಕೂಲಿಗಳು ತೋಡಿದ ಕಾಲುವೆಗೆ ಮಾತ್ರ ಹೆಸರಿದೆ, ಬಕಿಂಗ್‌ಹ್ಯಾಂ ಕಾಲುವೆ ಎಂದು. ತೋಡಿಸಿದವನ ಹೆಸರು ಅದು.

ಮೈಸೂರಿನ ಕಥೆ ಬೇರೆ ದಾರಿ ಹಿಡಿಯಿತು. ಆಗ ಸಂಸ್ಥಾನ ಬ್ರಿಟಿಷ್ ಕಮಿಷನರರ ಕೈಯಲ್ಲಿತ್ತು. 1881ರ ಮಾರ್ಚ್ 25ರಂದು ಚಾಮರಾಜೇಂದ್ರ ಒಡೆಯರಿಗೆ ರಾಜ್ಯವನ್ನು ಮರಳಿಸಿದಾಗ ಅದರ ಜೊತೆಗೆ ಬರಗಾಲದ ಸಾಲ 80 ಲಕ್ಷ ರೂಪಾಯಿಯನ್ನೂ ಒಪ್ಪಿಸಿದರು. ದಿವಾನ್ ರಂಗಾಚಾರ್ಲು ಖರ್ಚು ಹಿಡಿದು, ಬರ ಮತ್ತೆ ಬಂದರೆ ಧಾನ್ಯ ಸಾಗಿಸಲು ರೈಲು ಬೇಕೆಂದು ಬೆಂಗಳೂರು ಮೈಸೂರು ಮಾರ್ಗವನ್ನು 1882ರ ಹೊತ್ತಿಗೆ ಮುಗಿಸಿದರು. ಅದಕ್ಕೆ ಮುನ್ನಿನ ವರ್ಷ, ಅಂದರೆ 1881ರ ಅಕ್ಟೋಬರ್ 7ರಂದು, ಪ್ರಜಾಪ್ರತಿನಿಧಿ ಸಭೆ ಮೊದಲ ಬಾರಿಗೆ ಸೇರಿತ್ತು. ನಾಡಿನ ಐದರಲ್ಲೊಂದು ಪಾಲು ಜನರನ್ನು ಕಳೆದುಕೊಂಡ ರಾಜ್ಯ ಉಳಿದವರ ಮಾತು ಕೇಳಲು ಕುಳಿತ ಸಭೆ ಅದು.

ಕೊಯಮತ್ತೂರು ಜಿಲ್ಲೆಯ ಕೈಪಿಡಿಯನ್ನು 1887ರಲ್ಲಿ ಸಿದ್ಧಪಡಿಸಿದ ಫ್ರೆಡರಿಕ್ ನಿಕೋಲ್ಸನ್, ರೈತನ ಸಾಲದ ಸಮಸ್ಯೆಯನ್ನು ಕುರಿತು 1890ರ ದಶಕದಲ್ಲಿ ವರದಿ ಬರೆದ. ಜರ್ಮನಿಯ ರೈಫೈಸನ್ ಮಾದರಿಯ ಸಹಕಾರ ಸಂಘಗಳೇ ಉಪಾಯವೆಂದ. 1904ರ ಸಹಕಾರಿ ಸಾಲ ಸಂಘಗಳ ಕಾಯ್ದೆ ಅದರ ಫಲ. ನಮ್ಮ ಹಳ್ಳಿಗಳ ಸೊಸೈಟಿಯ ಹಿಂದೆಯೂ ಬರದ ನೆರಳಿದೆ.

ಇನ್ನು ಕಾನೂನಿನ ಮುಖ್ಯ ಸಂಗತಿಗೆ ಬರುತ್ತೇನೆ. ಬರ ಮುಗಿದ ಮೇಲೆ ರಿಚರ್ಡ್ ಸ್ಟ್ರೇಚಿಯ ಅಧ್ಯಕ್ಷತೆಯಲ್ಲಿ ಕ್ಷಾಮ ಆಯೋಗ ಕುಳಿತು 1880ರಲ್ಲಿ ವರದಿ ನೀಡಿತು. ಬರದಲ್ಲಿ ಜನರನ್ನು ಉಳಿಸುವುದು ಸರ್ಕಾರದ ಕರ್ತವ್ಯವೆಂದು ಅದು ಒಪ್ಪಿಕೊಂಡಿತು. ಅದರ ಮೇಲೆ ಕ್ಷಾಮ ಸಂಹಿತೆಗಳು ರಚಿತವಾದವು. ಬರದ ಲಕ್ಷಣಗಳೇನು, ಯಾವಾಗ ಪರೀಕ್ಷಾರ್ಥ ಕಾಮಗಾರಿ ತೆರೆಯಬೇಕು, ದುಡಿಯಲಾರದ ಮುದುಕರಿಗೂ ಬಾಣಂತಿಯರಿಗೂ ಮಕ್ಕಳಿಗೂ ಹೇಗೆ ಉಚಿತ ಗಂಜಿ ನೀಡಬೇಕು, ಎಲ್ಲವನ್ನೂ ಅವು ನಿಯಮಿಸಿದವು. ಒಳ್ಳೆಯ ನಿಯಮಗಳೇ. ಆದರೆ ಅವು ಅಧಿಕಾರಿಗಳಿಗೆ ಸರ್ಕಾರ ಕೊಟ್ಟ ಸೂಚನೆಗಳು ಮಾತ್ರ. ಹಸಿದವನಿಗೆ ಕೊಟ್ಟ ಹಕ್ಕಲ್ಲ. ಅಧಿಕಾರಿ ಕಣ್ಣು ಮುಚ್ಚಿದರೆ ಕೋರ್ಟಿಗೆ ಹೋಗಲು ದಾರಿಯಿಲ್ಲ. 1943ರಲ್ಲಿ ಬಂಗಾಳದಲ್ಲಿ ಲಕ್ಷಾಂತರ ಜನ ಸತ್ತಾಗ ಸರ್ಕಾರ ಅಲ್ಲಿ ಕ್ಷಾಮ ಬಿದ್ದಿದೆಯೆಂದು ಘೋಷಿಸಲೇ ಇಲ್ಲ. ಸಂಹಿತೆ ಕಪಾಟಿನಲ್ಲಿಯೇ ಉಳಿಯಿತು.

ಸೂಚನೆಯು ಹಕ್ಕಾಗಲು ಶತಮಾನಕ್ಕೂ ಹೆಚ್ಚು ಕಾಲ ಬೇಕಾಯಿತು. ಮಹಾರಾಷ್ಟ್ರ ತನ್ನ ಉದ್ಯೋಗ ಖಾತರಿ ಕಾಯ್ದೆಯನ್ನು ಅಂಗೀಕರಿಸಿದ್ದು 1977ರಲ್ಲಿ, ಟೆಂಪಲ್ ಕೂಲಿಗೆ ಸರಿಯಾಗಿ ನೂರು ವರ್ಷಗಳ ನಂತರ. 2001ರಲ್ಲಿ ರಾಜಸ್ಥಾನದ ಬರದ ಹಿನ್ನೆಲೆಯಲ್ಲಿ ಪೀಪಲ್ಸ್ ಯೂನಿಯನ್ ಫಾರ್ ಸಿವಿಲ್ ಲಿಬರ್ಟೀಸ್ ಸಂಸ್ಥೆ ಸುಪ್ರೀಂ ಕೋರ್ಟಿಗೆ ಹೋಯಿತು. ಗೋದಾಮುಗಳಲ್ಲಿ ಧಾನ್ಯ ಕೊಳೆಯುತ್ತಿರುವಾಗ ಜನ ಹಸಿದಿರುವುದು ಜೀವದ ಹಕ್ಕಿಗೆ ವಿರುದ್ಧವೆಂಬುದು ಅದರ ವಾದ. ಆ ವರ್ಷದ ನವೆಂಬರ್ 28ರಂದು ನ್ಯಾಯಾಲಯ, ಸರ್ಕಾರಿ ಮತ್ತು ಅನುದಾನಿತ ಪ್ರಾಥಮಿಕ ಶಾಲೆಗಳಲ್ಲಿ ಬೇಯಿಸಿದ ಊಟವನ್ನೇ ನೀಡಬೇಕೆಂದು ಎಲ್ಲ ರಾಜ್ಯಗಳಿಗೂ ಆಜ್ಞಾಪಿಸಿತು. 2005ರ ಗ್ರಾಮೀಣ ಉದ್ಯೋಗ ಖಾತರಿ ಕಾಯ್ದೆ, 2013ರ ರಾಷ್ಟ್ರೀಯ ಆಹಾರ ಭದ್ರತಾ ಕಾಯ್ದೆ ಅದೇ ದಾರಿಯಲ್ಲಿ ಬಂದವು.

ಈ ವಿಷಯದಲ್ಲಿ ತಮಿಳುನಾಡು ಯಾರ ಆಜ್ಞೆಗೂ ಕಾಯಲಿಲ್ಲ ಎಂಬುದನ್ನು ನಾವು, ಇಲ್ಲಿಯ ಅನ್ನ ಉಂಡು ಬೆಳೆದ ಕನ್ನಡಿಗರು, ಸಂತೋಷದಿಂದ ಹೇಳಬೇಕು. ಕಾಮರಾಜರ ಕಾಲದ ಮಧ್ಯಾಹ್ನದ ಊಟ, 1982ರ ಜುಲೈ 1ರಂದು ಎಂ.ಜಿ.ಆರ್. ವಿಸ್ತರಿಸಿದ ಪೌಷ್ಟಿಕ ಆಹಾರ ಯೋಜನೆ, 2022ರ ಸೆಪ್ಟೆಂಬರಿನಲ್ಲಿ ಆರಂಭವಾದ ಬೆಳಗಿನ ಉಪಾಹಾರ, ಇವೆಲ್ಲ ನಮ್ಮ ಕನ್ನಡ ಶಾಲೆಗಳ ಮಕ್ಕಳ ತಟ್ಟೆಗೂ ಬಂದಿವೆ. ತಂದೆತಾಯಿಗಳಿಗೆ ತಿಳಿದಿರಲೆಂದು ಒಂದು ಮಾತು: 2013ರ ಕಾಯ್ದೆಯಂತೆ ಎಂಟನೆಯ ತರಗತಿಯವರೆಗೆ ಸರ್ಕಾರಿ ಮತ್ತು ಅನುದಾನಿತ ಶಾಲೆಗಳಲ್ಲಿ ಶಾಲಾದಿನಗಳಂದು ಊಟ ಉಚಿತ. ಕೇಂದ್ರದ ಮಾನದಂಡದಲ್ಲಿ ಪ್ರಾಥಮಿಕ ತರಗತಿಯ ಮಗುವಿಗೆ 100 ಗ್ರಾಂ ಧಾನ್ಯ, 20 ಗ್ರಾಂ ಬೇಳೆ, 50 ಗ್ರಾಂ ತರಕಾರಿ. ಆರರಿಂದ ಎಂಟರವರೆಗೆ 150 ಗ್ರಾಂ ಧಾನ್ಯ, 30 ಗ್ರಾಂ ಬೇಳೆ, 75 ಗ್ರಾಂ ತರಕಾರಿ. ಯಾವುದೇ ಕಾರಣಕ್ಕೆ ಊಟ ಬೇಯದಿದ್ದರೆ ಅದಕ್ಕೆ ಬದಲಾಗಿ ಆಹಾರ ಭದ್ರತಾ ಭತ್ಯೆಯನ್ನು ಮುಂದಿನ ತಿಂಗಳ 15ರೊಳಗೆ ಕೊಡಬೇಕೆಂದು 2015ರ ನಿಯಮಗಳು ಹೇಳುತ್ತವೆ. ಇದನ್ನು ಕೇಳುವುದು ಭಿಕ್ಷೆ ಬೇಡುವುದಲ್ಲ. ಕಾರ್ನಿಷ್ ವೈದ್ಯ ಬೇಳೆ ತರಕಾರಿಗಾಗಿ ಹೋರಾಡಿದಾಗ ಅವನ ಕೈಯಲ್ಲಿ ಇಂಥ ಕಾಗದವಿರಲಿಲ್ಲ.

ಮಳೆ ಮತ್ತೆ ತಪ್ಪಿದ್ದು 2016ರಲ್ಲಿ. ಆ ವರ್ಷದ ಹಿಂಗಾರು ತಮಿಳುನಾಡಿನಲ್ಲಿ ವಾಡಿಕೆಗಿಂತ ಶೇಕಡಾ 62ರಷ್ಟು ಕಡಮೆಯಾಯಿತು. ಹವಾಮಾನದ ದಾಖಲೆಗಳನ್ನು ತಿರುವಿದವರು ಇಷ್ಟು ಕಡಮೆ ಮಳೆ ಹಿಂದೆ ಯಾವಾಗ ಬಂದಿತ್ತೆಂದು ನೋಡಿದರೆ ಸಿಕ್ಕಿದ ವರ್ಷ 1876! 2017ರ ಜನವರಿ 10ರಂದು ರಾಜ್ಯದ 32 ಜಿಲ್ಲೆಗಳನ್ನೂ ಬರಪೀಡಿತವೆಂದು ಸಾರಲಾಯಿತು. ಅಂದು ನಮ್ಮ ಕಡೆ ಸಾವಿರ ಅಡಿ ಕೊಳವೆಬಾವಿಗಳಲ್ಲಿ ದೂಳು ಬಂತು, ತೆಂಗಿನ ಮರಗಳ ಸುಳಿ ಒಣಗಿತು, ರೈತರು ನೊಂದರು. ಆದರೆ ರೇಷನ್ ಅಂಗಡಿ ತೆರೆದಿತ್ತು, ಶಾಲೆಯಲ್ಲಿ ಒಲೆ ಉರಿಯುತ್ತಿತ್ತು. ಅದೇ ಆಕಾಶ, ಅದೇ ಪ್ರಮಾಣದ ಮಳೆ, ಎಣಿಸಬೇಕಾದ ಹೆಣಗಳಿರಲಿಲ್ಲ. 2024ರ ಆಗಸ್ಟ್ 17ರಂದು ಅತ್ತಿಕಡವು-ಅವಿನಾಶಿ ಯೋಜನೆ ಉದ್ಘಾಟನೆಯಾಗಿ ಭವಾನಿಯ ಹೆಚ್ಚುವರಿ ನೀರು ಕೊಯಮತ್ತೂರು, ತಿರುಪ್ಪೂರು, ಈರೋಡು ಜಿಲ್ಲೆಗಳ 1,045 ಕೆರೆಕುಂಟೆಗಳಿಗೆ ಹರಿಯುವ ಏರ್ಪಾಡಾಗಿದೆ. ಮೂರು ತಲೆಮಾರು ಕೇಳಿ ಕೇಳಿ ಪಡೆದದ್ದು ಅದು. ಇನ್ನೊಂದು ಕಡೆ, ದಾಖಲೆಯಲ್ಲಿರುವ ವರ್ಷಗಳಲ್ಲೆಲ್ಲ 2024 ಭೂಮಿಗೆ ಅತ್ಯಂತ ಬಿಸಿಯಾದ ವರ್ಷವೆಂದು ವಿಶ್ವ ಹವಾಮಾನ ಸಂಸ್ಥೆ ಹೇಳಿದೆ. ಬಿಸಿಯಾದ ಸಾಗರದಲ್ಲಿ ಮುಂದಿನ ಎಲ್ ನಿನೋ ಹೇಗೆ ವರ್ತಿಸೀತೆಂಬುದನ್ನು ಮಕ್ಕಳು ನಮಗಿಂತ ಹೆಚ್ಚು ಕಾಣುತ್ತಾರೆ.

ಈ ಲೇಖನ ಓದುವ ಮನೆಗಳಲ್ಲಿ ನನ್ನದೊಂದು ಕೋರಿಕೆ. ಮಾಳಿಗೆಯ ಪೆಟ್ಟಿಗೆಯಲ್ಲಿ, ಹಳೆಯ ಟ್ರಂಕಿನಲ್ಲಿ, ಓಲೆಯೋ ಛಾಪಾ ಕಾಗದವೋ ಇದ್ದರೆ ಅದರಲ್ಲಿ ‘ಧಾತು’, ‘ಈಶ್ವರ’ ಎಂಬ ಸಂವತ್ಸರದ ಹೆಸರು ಇದೆಯೇ ನೋಡಿ. ಇದ್ದರೆ ಹರಿಯದಂತೆ ಇಡಿ, ಚಿತ್ರ ತೆಗೆದಿಡಿ. ಮೂವತ್ತು ವರ್ಷ ದಾಟಿದ ದಾಖಲೆ ಸರಿಯಾದ ವಶದಿಂದ ಬಂದರೆ ಅದರ ಸಹಿಯನ್ನು ನ್ಯಾಯಾಲಯ ನಂಬಬಹುದು. ಆದರೆ ಕೇಳಿದ ಮಾತನ್ನು ಸಾಕ್ಷ್ಯವೆಂದು ಸಾಮಾನ್ಯವಾಗಿ ಒಪ್ಪುವುದಿಲ್ಲ. ಅಜ್ಜಿಯ ಅಜ್ಜಿ ಹೇಳಿದ್ದು ಎಂದರೆ ಎದುರು ವಕೀಲ ಕೂಡಲೇ ಎದ್ದು ಆಕ್ಷೇಪಿಸುತ್ತಾನೆ. ಮನೆಯ ಊಟದ ಸಾಲಿನಲ್ಲಿ ಆಕ್ಷೇಪಿಸುವವರಿಲ್ಲ. ಹಿರಿಯರು ಬರದ ಬಗ್ಗೆ ಕೇಳಿದ ಮಾತುಗಳನ್ನು ಮಕ್ಕಳಿಂದಲೇ, ಕನ್ನಡದಲ್ಲಿಯೇ, ಅವರ ನೋಟುಪುಸ್ತಕದಲ್ಲಿ ಬರೆಯಿಸಿ. ಹಾಗೆ ಹೇಳುವ ಹಿರಿಯರು ಪ್ರತಿವರ್ಷ ಕಡಮೆಯಾಗುತ್ತಿದ್ದಾರೆ. ನನ್ನ ಅಜ್ಜಿಯನ್ನು ನಾನು ಕೇಳಿದ್ದು ಬೈಗುಳ ಮಾತ್ರ; ಆ ಬೈಗುಳದ ಹಿಂದಿನ ಕಥೆಯನ್ನು ಕೇಳಲಿಲ್ಲ.

ಧಾತು ಸಂವತ್ಸರ 1936ರಲ್ಲಿ ಒಮ್ಮೆ ಬಂದುಹೋಯಿತು, 1996ರಲ್ಲಿ ಇನ್ನೊಮ್ಮೆ. ಮುಂದಿನದು 2056ರ ಯುಗಾದಿಗೆ ಆರಂಭ. ಅಂದು ರಸಪ್ರಶ್ನೆಯಲ್ಲಿ ದೂರವಾಣಿಯ ತಿಥಿ ಹೇಳಿದ ಹುಡುಗ ಈಗ ಐದನೆಯ ತರಗತಿಯಲ್ಲಿದ್ದಾನೆ. ಆಗ ಅವನಿಗೆ ನಲವತ್ತು ವರ್ಷ.